ಕಾಗೆ ಮುಟ್ಟಿದ ವರ್ಷದ ಮೇಲ್

ನಮ್ಮ ಮನೆಯವರಿಗೆ ಒಂದು ಚೂರು ಕಾಗದ ಬಿಸಾಡುವುದೆಂದರೂ ಹೊಟ್ಟೆ ಉರಿಯುತ್ತದೆ. ತುಮಕೂರಿನ ಮಂಡಿಪೇಟೆಯ ಹಿಂದಿನ ಗಲ್ಲಿಯಲ್ಲಿ ನಮ್ಮದೊಂದು ಸಣ್ಣ ಪ್ರಿಂಟಿಂಗ್ ಪ್ರೆಸ್ಸು. ಅದರ ಅಟ್ಟದ ಮೇಲೆ ಯಾರ್ಯಾರದೋ ಮದುವೆಯಲ್ಲಿ ಉಳಿದ ಲಗ್ನಪತ್ರಿಕೆಗಳು ಕಟ್ಟುಕಟ್ಟಾಗಿ ಬಿದ್ದಿವೆ. ಆ ಮದುವೆಗಳಿಂದ ಹುಟ್ಟಿದ ಮಕ್ಕಳು ಈಗ ಬೈಕು ಓಡಿಸಿಕೊಂಡು ಓಡಾಡುತ್ತಿದ್ದಾರೆ. ಅಂಥ ಮನುಷ್ಯ ಕಂಪ್ಯೂಟರಿನಿಂದ ಒಂದು ಮೇಲ್ ಅಳಿಸಿಯಾರೇ? ಅಂಗಡಿ ಕಂಪ್ಯೂಟರಿನ ಮೇಲ್ ಪ್ರೋಗ್ರಾಂ ಒಳಗೆ ಮದುವೆ, ನಾಮಕರಣ, ಗೃಹಪ್ರವೇಶ, ತಿಥಿ ಎಲ್ಲ ಒಂದರ ಮೇಲೊಂದು ಹತ್ತಿ ಕೂತು, ಈ ವರ್ಷ ಗಣಪತಿ ಹಬ್ಬ ಕಳೆದ ಮೇಲೆ ಅದು ಮುಷ್ಕರ ಹೂಡಿತು. ಫೈಲ್ ತುಂಬಿದೆ, ಹೊಸ ಮೇಲ್ ಇಳಿಸಿಕೊಳ್ಳಲು ಜಾಗವಿಲ್ಲ ಎಂದು ಪರದೆಯ ಮೇಲೆ ಒಂದೇ ಸಮನೆ ಹೇಳತೊಡಗಿತು.

"ಹಳೇವನ್ನೆಲ್ಲ ಆರ್ಕೈವ್ ಮಾಡ್ರೀ ಅಂತ ಎಷ್ಟು ವರ್ಷದಿಂದ ಬಡ್ಕೊಂಡೆ ನಾನು" ಎಂದೆ.

"ನೀನೇ ಮಾಡು ಮಂಗಳ. ನಂಗೆ ಕೈಲಾಗಲ್ಲ" ಎಂದರು ನಮ್ಮವರು, ಗೋಡೆ ಪಕ್ಕದ ಕುರ್ಚಿಯಿಂದ.

ಆ ಮಾತಿಗೆ ನನ್ನ ಸಿಟ್ಟು ಇಳಿದುಹೋಯಿತು. ಕೈಲಾಗಲ್ಲ ಎನ್ನುವ ಜಾಯಮಾನವೇ ಅವರದಲ್ಲ. ಉದಯಕುಮಾರ್ ಎಂದರೆ ಮಂಡಿಪೇಟೆಯಲ್ಲಿ ಒಂದು ಗಲಾಟೆಯ ಹೆಸರು. ಒಬ್ಬರ ಕಾರ್ಡಿನ ಪ್ರೂಫ್ ನೋಡುತ್ತಾ ಇನ್ನೊಬ್ಬರ ಜೊತೆ ಜಗಳವಾಡುತ್ತಾ ಮೂರನೆಯವರನ್ನು ನಗಿಸುತ್ತಿದ್ದವರು. ಎರಡು ಮೂರು ವರ್ಷದಿಂದ ಆ ಮನುಷ್ಯ ಮಾಸಿಹೋಗುತ್ತಿದ್ದರು. ಕಾಯಿಲೆ ಎನ್ನೋಣವೆಂದರೆ ರಕ್ತ, ಹೃದಯ, ಸಕ್ಕರೆ ಎಲ್ಲದರ ರಿಪೋರ್ಟೂ ಚೆನ್ನಾಗಿಯೇ ಬರುತ್ತಿತ್ತು. ಆದರೆ ಹಸಿವಿಲ್ಲ, ಕೈಕಾಲು ಸದಾ ತಣ್ಣಗೆ. ಬ್ಯಾಂಕಿನಲ್ಲಿ ಹೆಬ್ಬೆರಳು ಒತ್ತಿದರೆ ಯಂತ್ರ ಹಿಡಿಯುವುದಿಲ್ಲ. ವಯಸ್ಸಾದವರಿಗೆ ಹಾಗಾಗುತ್ತದೆ ಬಿಡಿ ಎಂದರು ಅಲ್ಲಿಯವರು. ಆದರೆ ಅಂಗಡಿಗೆ ಬಂದ ಗಿರಾಕಿಗಳು ಅವರ ಎದುರಿಗೇ ನಿಂತು, ಒಳಗಿದ್ದ ನನಗೆ ಕೇಳುವಂತೆ "ಯಾರೂ ಇಲ್ವಾ?" ಎಂದು ಕೂಗುತ್ತಾರಲ್ಲ, ಅದಕ್ಕೆ ಯಾವ ಡಾಕ್ಟರನ್ನು ಕೇಳುವುದು? ನನಗೆ ಭಯವಾಗಿತ್ತು. ಇವರು ನನ್ನ ಕಣ್ಣೆದುರೇ, ಕುರ್ಚಿಯ ಮೇಲೆ ಕೂತಲ್ಲೇ ಮುಗಿದುಹೋಗುತ್ತಾರೆ ಎಂದು ಪ್ರತಿದಿನ ಅನ್ನಿಸುತ್ತಿತ್ತು.

ಇನ್ನೊಂದು ವಿಚಿತ್ರ ಇದಕ್ಕಿಂತ ಹಳೆಯದು. ಮಹಾಲಯ ಅಮಾವಾಸ್ಯೆಗೆ ನಾವು ಗುಬ್ಬಿಯ ಮನೆಗೆ ಹೋಗುತ್ತೇವೆ. ಅಲ್ಲಿ ಹೊತ್ತು ಇಳಿದ ಮೇಲೆ ನನ್ನ ಮೈದುನ, ತೀರಿಕೊಂಡ ಹಿರಿಯರಿಗೆ ಎಡೆ ಇಡುತ್ತಾನೆ. ಅವರಿಗೆ ಇಷ್ಟವಾದದ್ದನ್ನೆಲ್ಲ ಬಾಳೆಲೆಯ ಮೇಲೆ ಬಡಿಸಿ, ಬಾಗಿಲು ಮುಂದೆ ಮಾಡಿಕೊಂಡು ಮನೆಮಂದಿಯೆಲ್ಲ ಹೊರಗೆ ಕೂರಬೇಕು. ಹಿರಿಯರು ಬಂದು ಉಂಡು ಹೋಗುವಷ್ಟು ಹೊತ್ತು ಬಿಟ್ಟು ಒಳಗೆ ಹೋಗುವುದು. ಆಮೇಲೆ ಎಲ್ಲರ ಊಟ. ಆ ಊಟಕ್ಕೆ ನಮ್ಮವರು ಬರುವುದಿಲ್ಲ. "ಹೊಟ್ಟೆ ತುಂಬೈತೆ" ಎನ್ನುತ್ತಾರೆ. ಬೆಳಿಗ್ಗೆಯಿಂದ ಬರೀ ಕಾಫಿ ಕುಡಿದ ಮನುಷ್ಯ ತೇಗುತ್ತಾರೆ. ಮೊದಮೊದಲು ಆ ತೇಗಿಗೆ ಸಾಸಿವೆ ಎಣ್ಣೆಯಲ್ಲಿ ಹುರಿದ ಮೀನಿನ ವಾಸನೆ. ಗುಬ್ಬಿಯಲ್ಲಿ ಸಾಸಿವೆ ಎಣ್ಣೆಯಲ್ಲಿ ಅಡುಗೆ ಮಾಡುವವರು ಯಾರಿದ್ದಾರೆ? ಬಟ್ಟೆಯಲ್ಲಿ ಸಿಗರೇಟಿನ ವಾಸನೆ ಬೇರೆ. ಸಿಗರೇಟನ್ನು ಅವರು ಬಿಟ್ಟು ಯಾವ ಕಾಲವಾಗಿತ್ತೋ. ಎಲ್ಲೋ ಹೋಗಿ ಮೇದು ಬಂದಿದ್ದಾರೆ ಎಂದು ನಾನು ಪ್ರತಿ ವರ್ಷ ಜಗಳ ತೆಗೆಯುತ್ತಿದ್ದೆ. ಎರಡು ವರ್ಷದಿಂದೀಚೆಗೆ ಮೀನು ಹೋಗಿ ನಾಟಿ ಕೋಳಿ ಬಂತು. "ತಟ್ಟೆ ಇಡ್ಲಿ ತಿಂದಂಗಾಯ್ತು ಕಣೇ" ಎಂದು ಹೋದ ವರ್ಷ ತಾವೇ ಅಂದು, ತಾವೇ ಗಾಬರಿಯಾಗಿ ನನ್ನ ಮುಖ ನೋಡಿದ್ದರು.

ಸರಿ, ಆರ್ಕೈವ್ ಮಾಡಲು ಕೂತೆ. ಅದೇನು ಬ್ರಹ್ಮವಿದ್ಯೆಯಲ್ಲ. ಬೇರೊಂದು ಫೈಲ್ ತೆರೆದು, ಇಂಥ ದಿನಕ್ಕಿಂತ ಹಳೆಯದೆಲ್ಲ ಅಲ್ಲಿಗೆ ಹೋಗಲಿ ಎಂದರೆ ಪ್ರೋಗ್ರಾಂ ಒಂದೊಂದಾಗಿ ಸಾಗಿಸುತ್ತದೆ. ಹಳೆಯ ಪಾತ್ರೆಗಳನ್ನು ಅಟ್ಟಕ್ಕೆ ಹಾಕಿದ ಹಾಗೆ, ಬೇಕಾದಾಗ ಇಳಿಸಿಕೊಳ್ಳಬಹುದು. ನಾನು ಒಂದೊಂದು ವರ್ಷವನ್ನೂ ಬೇರೆಬೇರೆಯಾಗಿ ಸಾಗಿಸಿದೆ. ಮಧ್ಯಾಹ್ನದ ಹೊತ್ತಿಗೆ ಇನ್‌ಬಾಕ್ಸ್ ಬೆಳ್ಳಗಾಯಿತು. ಔಟ್‌ಬಾಕ್ಸ್, ಅಂದರೆ ಕಳಿಸಬೇಕಾದ ಮೇಲ್‌ಗಳು ಕಾಯುವ ಜಾಗ, ಅಲ್ಲಿ ಮಾತ್ರ ಒಂದು ಉಳಿದಿತ್ತು. ಔಟ್‌ಬಾಕ್ಸಿನಲ್ಲಿರುವುದು ಆರ್ಕೈವಿಗೆ ಹೋಗುವುದಿಲ್ಲ. ಕಳಿಸಬೇಕು, ಇಲ್ಲವೇ ಅಳಿಸಬೇಕು. ದಿನಾಂಕ ನೋಡಿದರೆ ಹದಿನಾರು ವರ್ಷ ಹಿಂದಿನದು. ಭಾನುಪ್ರಕಾಶನ ವಿಳಾಸಕ್ಕೆ ಬರೆದದ್ದು. ಇಂಗ್ಲಿಷ್ ಅಕ್ಷರದಲ್ಲಿ ಕನ್ನಡ:

"ಭಾನು, ನಿನ್ನೆಯದು ಸುಳ್ಳು ಕಣೋ. ನಾನು ಗುಂಡುಕಲ್ಲಿನ ಹಾಗೆ ಇದ್ದೀನಿ. ಕಾಗೆ ಮುಟ್ಟಿತ್ತು ಅಂತ ಅಮ್ಮ ಹಟ ಹಿಡಿದಳು. ಬೈಯಬೇಡ. ಬೈದರೂ ಪರವಾಗಿಲ್ಲ, ಬರಿ."

ಭಾನು ಎಂದರೆ ನಮ್ಮವರ ಕಾಲೇಜಿನ ಗೆಳೆಯ. ಕುಣಿಗಲ್ ಕಡೆಯ ಅಮೃತೂರಿನವನು. ಹಾಸ್ಟೆಲಿನಲ್ಲಿ ಒಂದೇ ರೂಮು, ಆಮೇಲೆ ಈ ಪ್ರೆಸ್ಸನ್ನೂ ಇಬ್ಬರೂ ಸೇರಿಯೇ ಶುರು ಮಾಡಿದ್ದು. ನನ್ನನ್ನು ಅತ್ತಿಗೆ ಎನ್ನುತ್ತಾ ನಮ್ಮ ಮನೆಯಲ್ಲೇ ಉಣ್ಣುತ್ತಿದ್ದ. ಅವನಿಗೆ ನಿಶ್ಚಯವಾಗಿದ್ದ ಮದುವೆ, ಕಾರ್ಡು ಹಂಚಿದ ಮೇಲೆ ಮುರಿದುಬಿತ್ತು. ನಮ್ಮವರಿಗೆ ಬಿಸಾಡುವ ಅಭ್ಯಾಸವಿಲ್ಲವಲ್ಲ, ಆ ಕಾರ್ಡು ಚೆನ್ನಾಗಿ ಬಂದಿದೆ ಎಂದು ಗಿರಾಕಿಗಳಿಗೆ ತೋರಿಸುವ ಸ್ಯಾಂಪಲ್ ಆಲ್ಬಮ್ಮಿಗೆ ಅಂಟಿಸಿಟ್ಟರು. ಒಂದು ದಿನ ಭಾನು ಯಾವುದೋ ಗಿರಾಕಿಗೆ ಆಲ್ಬಮ್ ತಿರುವಿ ತೋರಿಸುತ್ತಾ ತನ್ನ ಹೆಸರಿನ ಪುಟಕ್ಕೇ ಬಂದ. ಆಲ್ಬಮ್ ಮುಚ್ಚಿ ಎದ್ದು ಹೋದವನು, ಎಲ್ಲೋ ಅಸ್ಸಾಮಿನ ಕಡೆ ಸ್ಕೂಲ್ ಮೇಷ್ಟ್ರಾಗಿ ಹೊರಟುಹೋದ. ಅಲ್ಲಿಗೆ ಮಾತು ಬಿಟ್ಟಿತು.

ನಿನ್ನೆಯದು ಸುಳ್ಳು ಎಂದರೆ ಯಾವುದು? ಆಗಲೇ ಸಾಗಿಸಿದ್ದ ಆ ವರ್ಷದ ಫೈಲ್ ತೆರೆದು, ಕಳಿಸಿದ ಮೇಲ್‌ಗಳಲ್ಲಿ ಹಿಂದಿನ ದಿನದ್ದನ್ನು ಹುಡುಕಿದೆ. ಸಿಕ್ಕಿತು. ನನ್ನ ಹೆಸರಿನಲ್ಲಿತ್ತು.

"ಭಾನು ಅವರಿಗೆ, ನಮ್ಮ ಯಜಮಾನರು ಮೊನ್ನೆ ಹಠಾತ್ತಾಗಿ ತೀರಿಕೊಂಡರು. ಕಾರ್ಡು ಕಳಿಸಿದ್ದೇನೆ. ಇಂತಿ, ಸರ್ವಮಂಗಳ."

ಜೊತೆಗೆ ಒಂದು ಚಿತ್ರ. ತೆರೆದೆ. ತಿಥಿ ಕಾರ್ಡು. ಸುತ್ತ ನಮ್ಮ ಅಂಗಡಿಯ ಮಾಮೂಲಿ ಹೂವಿನ ಅಂಚು, ಎರಡೂ ಕಡೆ ಉರಿಯುವ ದೀಪ, ನಡುವೆ ಮೀಸೆ ತಿರುವಿಕೊಂಡು ನಗುತ್ತಿರುವ ನನ್ನ ಗಂಡ. ಕೆಳಗೆ ದುಃಖತಪ್ತರ ಸಾಲಿನಲ್ಲಿ ಮೊದಲ ಹೆಸರು ನನ್ನದು.

ಕುಂಕುಮ ಮುಟ್ಟಿ ನೋಡಿಕೊಂಡೆ. ಆಮೇಲೆ ಎಲ್ಲಿತ್ತೋ ಸಿಟ್ಟು, ಒಮ್ಮೆಲೇ ಬಂತು.

"ರೀ, ಏನ್ರೀ ಇದು? ನನ್ನ ಕೈಯಲ್ಲೇ ನಿಮ್ಮ ತಿಥಿ ಮಾಡ್ಸಿದೀರಾ?"

ಅವರು ಕುರ್ಚಿಯಿಂದ ಎದ್ದು ಬರಲು ಬಹಳ ಹೊತ್ತು ಹಿಡಿಯಿತು. ಪರದೆ ನೋಡಿ ತಲೆ ತಗ್ಗಿಸಿದರು.

ಆ ವರ್ಷ ಗುಬ್ಬಿಯ ಮನೆಯ ಹಿತ್ತಿಲಲ್ಲಿ ಒಂದು ಕಾಗೆ ಬಂದು ಅವರ ನೆತ್ತಿಗೆ ಬಡಿದು ಹೋಗಿತ್ತು. ಕಾಗೆ ತಲೆ ಮುಟ್ಟಿದರೆ ಸಾವು ಹೊಸ್ತಿಲ ತನಕ ಬಂದಂತೆ ಎಂದು ನಮ್ಮ ಕಡೆಯ ನಂಬಿಕೆ. ಅದಕ್ಕೆ ಪರಿಹಾರವೂ ಉಂಟು. ಆ ಮನುಷ್ಯ ಸತ್ತನೆಂದು ಯಾರಿಗಾದರೂ ಸುಳ್ಳು ಸುದ್ದಿ ಕಳಿಸಬೇಕು. ಕೇಳಿದವರು ನಿಜವೆಂದೇ ನಂಬಿ ಅಳಬೇಕು. ಅತ್ತರೆ ಸಾವಿಗೆ ಬರಬೇಕಾದ ಕಣ್ಣೀರು ಬಂದಂತಾಗಿ ಅದು ಹಿಂದಿರುಗುತ್ತದಂತೆ. ಆಮೇಲೆ, ಸುಳ್ಳಪ್ಪಾ, ಬದುಕಿದ್ದಾನೆ ಎಂದು ಸುದ್ದಿ ಕಳಿಸಿದವರೇ ಅತ್ತವರಿಗೆ ತಪ್ಪದೆ ತಿಳಿಸಬೇಕು. ನಮ್ಮತ್ತೆ ಹನುಮಕ್ಕ ಆಗಿನ್ನೂ ಗಟ್ಟಿಯಾಗಿದ್ದರು. ಅವರ ಮಾತನ್ನು ಇವರು ಹಾಗೆಯೇ ಒಪ್ಪಿಸಿದರು.

"ಅಮ್ಮ ಅಂದ್ಳು, ಗುಬ್ಬೀಲಿ ಎಲ್ರಿಗೂ ಕಾಗೆ ಮುಟ್ಟಿರೋದು ಗೊತ್ತಾಗೈತೆ, ಯಾರೂ ಅಳಾಕಿಲ್ಲ ಬುಡು, ದೂರದೋರು ಯಾರಾದ್ರೂ ಇದ್ರೆ ಕಳ್ಸು ಅಂತ. ನಂಗೆ ಭಾನು ನೆಪ್ಪಾದ."

"ಮಾತು ಬಿಟ್ಟಿದ್ನಲ್ಲ?"

"ಅದಕ್ಕೇ. ನಾನ್ ಸತ್ರೆ ಅವ್ನು ಅಳ್ತಾನಾ ಇಲ್ವಾ ಅಂತ ನೋಡ್ಬೇಕಿತ್ತು ಕಣೇ. ಒಂದೇ ಸಾಲು ಬರೆದ್ರೆ ನಂಬಲ್ಲ ಅಂತ ಕಾರ್ಡೂ ಮಾಡ್ದೆ. ಮಾರನೇ ದಿನ ಸುಳ್ಳು ಅಂತ ಬರೆದು ಕಳಿಸ್ದೆ. ಅವ್ನು ಎರಡಕ್ಕೂ ಉತ್ತರ ಬರೀಲಿಲ್ಲ. ಅಳಲೂ ಇಲ್ಲ, ಬೈಯಲೂ ಇಲ್ಲ. ಹೋಗ್ಲಿ ಅಂತ ಸುಮ್ನಾದೆ."

"ಎಲ್ಲಿ ಕಳಿಸಿದ್ರಿ? ಎರಡನೇದು ಇಲ್ಲೇ ಕೂತೈತೆ ನೋಡಿ."

ಅವರ ಹಳೆಯ ಚಾಳಿ ನನಗೆ ಗೊತ್ತು. ಪ್ರೆಸ್ಸಿಗೆ ಹೋದ ಪ್ರೂಫನ್ನೂ ವಾಪಸ್ ತರಿಸಿ ಒಂದು ಅಕ್ಷರ ತಿದ್ದುವವರು. ನಮ್ಮ ಈ ಪ್ರೋಗ್ರಾಮಿನಲ್ಲಿ ಹೊರಡಲು ಕಾಯುತ್ತಿರುವ ಮೇಲನ್ನು ಮತ್ತೆ ತೆರೆದರೆ ಅದು ಅಲ್ಲೇ ನಿಂತುಬಿಡುತ್ತದೆ; ಇನ್ನೊಮ್ಮೆ ಕಳಿಸು ಎನ್ನಬೇಕು. ಇವರು ಕೊನೆಯ ಸಾಲು ಸೇರಿಸಲು ತೆರೆದಿದ್ದಾರೆ, ಸೇರಿಸಿದ್ದಾರೆ, ಮುಚ್ಚಿದ್ದಾರೆ. "ಬೈದರೂ ಪರವಾಗಿಲ್ಲ, ಬರಿ" ಎನ್ನುವ ಸಾಲೇ ಅದನ್ನು ಹದಿನಾರು ವರ್ಷ ಕಟ್ಟಿಹಾಕಿತ್ತು.

ನಾವು ಹೀಗೆ ನಿಂತಿರುವಾಗಲೇ ಕಂಪ್ಯೂಟರ್ ಟಿಣ್ ಎಂದಿತು. ಜಾಗ ಆಯಿತಲ್ಲ, ಹೊರಗೆ ಕಾಯುತ್ತಿದ್ದ ಹೊಸ ಮೇಲ್‌ಗಳು ಒಂದೊಂದೇ ಇಳಿಯತೊಡಗಿದವು. ಗಿರಾಕಿಗಳವು ಇನ್‌ಬಾಕ್ಸಿಗೆ ಬಂದವು. ಒಂದು ಮಾತ್ರ ಬಂದದ್ದೇ ಬೇರೆಲ್ಲಿಗೋ ಹೋಯಿತು. ಹಿಂದೆ ಹೋಗಿ ನೋಡಿದರೆ, ಫೋಲ್ಡರಿನೊಳಗೊಂದು ಫೋಲ್ಡರ್, ಅದಕ್ಕೆ "ಬೇಡ" ಎಂದು ಹೆಸರು.

"ಇದ್ಯಾವುದ್ರೀ?"

ಅವರು ತೊದಲಿದರು. "ಅವ್ನು ಎದ್ದು ಹೋದಾಗ ಸಿಟ್ಟಲ್ಲಿ ಮಾಡಿದ್ದು. ಭಾನು ಮೇಲ್ ಬಂದ್ರೆ ಕಣ್ಣಿಗೇ ಬೀಳ್ದಂಗೆ ಇಲ್ಲಿಗೆ ಬೀಳ್ಲಿ ಅಂತ. ಮರೆತೇಹೋಗಿತ್ತು."

ಉತ್ತರ ಬರಲಿಲ್ಲವೆಂದು ಇವರು ಹದಿನಾರು ವರ್ಷ ಮುನಿಸಿಕೊಂಡಿದ್ದರು. ಉತ್ತರಗಳು ಇವರೇ ತೋಡಿದ ಗುಂಡಿಯಲ್ಲಿ ಬಿದ್ದಿದ್ದವು. ಒಂದನ್ನೂ ಯಾರೂ ಓದಿರಲಿಲ್ಲ.

ಮೊದಲನೆಯದು ನನಗೆ. "ಅತ್ತಿಗೆ, ಶಾಲೆಯ ಸ್ಟಾಫ್ ರೂಮಿನಲ್ಲಿ ಎಲ್ಲರೆದುರು ಅತ್ತುಬಿಟ್ಟೆ. ಬರಲು ಮುಖವಿಲ್ಲ. ಕ್ಷಮಿಸಿ." ಆಮೇಲಿನವೆಲ್ಲ ಉದಯನಿಗೆ, ವರ್ಷಕ್ಕೊಂದು, ಮಹಾಲಯ ಅಮಾವಾಸ್ಯೆಯ ದಿನವೇ. "ಉದಯ, ನನಗೆ ಹಿಂದೆ ಮುಂದೆ ಯಾರೂ ಇಲ್ಲ, ನಿನಗೇ ಎಡೆ ಇಟ್ಟೆ. ಇಲ್ಲಿ ಸಿಗುವುದು ಮೀನು, ಅದೂ ಸಾಸಿವೆ ಎಣ್ಣೆಯದು, ಬೇಜಾರು ಮಾಡಿಕೊಳ್ಳಬೇಡ. ಫಿಲ್ಟರ್ ಇಲ್ಲದ ಸಿಗರೇಟು ಇಟ್ಟಿದ್ದೆ." ಮುಂದಿನ ವರ್ಷ ಮತ್ತೆ ಮೀನು. ಮತ್ತೆ ಮೀನು. ನನ್ನ ಬೆನ್ನ ಮೇಲೆ ಯಾರೋ ತಣ್ಣನೆಯ ಕೈ ಇಟ್ಟ ಹಾಗಾಯಿತು. ತಿರುಗಿ ನೋಡಿದರೆ ಇಟ್ಟವರು ನಮ್ಮವರೇ, ಪರದೆ ಓದಲು ಬಗ್ಗಿದ್ದರು.

ಆಮೇಲಿನದು ಊರಿಗೆ ಬಂದ ಮೇಲಿನದು. "ರಿಟೈರ್ ಆಗಿ ಅಮೃತೂರಿಗೆ ಬಂದುಬಿಟ್ಟೆ. ನಿನ್ನ ಫೋಟೋಗೆ ಈಗ ದಿನಾ ದೀಪ ಹಚ್ಚುತ್ತೇನೆ. ಈ ಸಲ ನಾಟಿ ಕೋಳಿ ಸಾರು, ಮುದ್ದೆ. ಕ್ಯಾತ್ಸಂದ್ರಕ್ಕೆ ಹೋಗಿ ತಟ್ಟೆ ಇಡ್ಲಿಯನ್ನೂ ತಂದಿದ್ದೆ. ಬಾಗಿಲ ಹೊರಗೆ ಕೂತಿದ್ದಾಗ ನೀನು ಕೆಮ್ಮಿದ್ದು ಕೇಳಿಸಿತು. ನನ್ನ ಭ್ರಮೆಯೇ ಇರಲಿ, ಸಂತೋಷವಾಯಿತು."

ಇವತ್ತು ಬಂದದ್ದನ್ನು ಕೊನೆಗೆ ತೆರೆದೆ.

"ಉದಯ, ಮೊನ್ನೆ ಧೈರ್ಯ ಮಾಡಿ ಮಂಡಿಪೇಟೆಗೆ ಬಂದಿದ್ದೆ. ಅಂಗಡಿ ಎದುರು ಬಹಳ ಹೊತ್ತು ನಿಂತೆ. ಅತ್ತಿಗೆ ಒಬ್ಬರೇ ಕೂತಿದ್ದರು. ಗೋಡೆ ಪಕ್ಕದ ನಿನ್ನ ಕುರ್ಚಿ ಖಾಲಿ ಇತ್ತು. ಅದನ್ನು ನೋಡಿದ ಮೇಲೆ ಒಳಗೆ ಬರಲು ಕಾಲು ಏಳಲಿಲ್ಲ. ನನಗೂ ವಯಸ್ಸಾಯಿತು, ನನ್ನ ನಂತರ ನಿನಗೆ ಎಡೆ ಇಡುವವರಿಲ್ಲ. ಅದಕ್ಕೆ ಈ ಅಮಾವಾಸ್ಯೆಯೇ ಕೊನೆ. ಊಟ ಮುಗಿದ ಮೇಲೆ ಎಲೆಯನ್ನು ಕೆರೆಗೆ ಬಿಟ್ಟು, ಇನ್ನು ಬರಬೇಡ, ನೆಮ್ಮದಿಯಾಗಿ ಹೋಗು ಎಂದು ನಿನ್ನನ್ನು ಕಳಿಸಿಕೊಡುತ್ತೇನೆ."

ಅಮಾವಾಸ್ಯೆ ಮಾರನೆಯ ದಿನವೇ ಇತ್ತು.

ನಾನು ಕುರ್ಚಿಯನ್ನೇ ನೋಡಿದೆ. ಮೊನ್ನೆ ಇವರು ಅಲ್ಲೇ ಕೂತಿದ್ದರು. ದಿನಾ ಅಲ್ಲೇ ಕೂರುತ್ತಾರೆ. "ಕಳ್ಸು ಮಂಗಳ, ಅದನ್ನ ಈಗ್ಲಾದ್ರೂ ಕಳ್ಸು" ಎಂದು ಅವರು ಔಟ್‌ಬಾಕ್ಸಿನ ಕಡೆ ಬೆರಳು ತೋರಿಸಿದರು. ಒತ್ತಿದೆ. ಹೋಯಿತು. ನಾನೂ ಒಂದು ಬರೆದು ಕಳಿಸಿದೆ. ಸಂಜೆಯವರೆಗೆ ಕಾದರೂ ಉತ್ತರವಿಲ್ಲ. ಸತ್ತವನಿಗೆ ಬರೆದವನು ಉತ್ತರ ಬಂದಿದೆಯೇ ಎಂದು ಮೇಲ್ ತೆರೆದು ನೋಡುತ್ತಾನೆಯೇ? ಅವನ ಫೋನ್ ನಂಬರ್ ನಮ್ಮಲ್ಲಿರಲಿಲ್ಲ. "ಗುಬ್ಬಿಗೆ ನಾಳೆ ಬರಲ್ಲ" ಎಂದು ಮೈದುನನಿಗೆ ಹೇಳಿ, ಬೆಳಿಗ್ಗೆ ಅಮೃತೂರಿಗೆ ಹೊರಡುವುದೆಂದು ನಿಶ್ಚಯಿಸಿದೆ.

ಬೆಳಿಗ್ಗೆ ಎಲ್ಲಿ ಹೊರಡುವುದು? ಅವರು ಏಳಲೇ ಇಲ್ಲ. ಕಣ್ಣು ಬಿಟ್ಟಿದ್ದರು, ಮಾತಾಡುತ್ತಿದ್ದರು, ಆದರೆ ಕಾಲಿನಲ್ಲಿ ಬಲವಿರಲಿಲ್ಲ. ಅವರನ್ನು ಒಂಟಿಯಾಗಿ ಬಿಟ್ಟು ಹೋಗಲು ನನಗೆ ಮನಸ್ಸಾಗಲಿಲ್ಲ. ಅತ್ತೆ ಹೇಳಿದ ಪ್ರಕಾರ ಅತ್ತವನಿಗೆ ತಿಳಿಸಬೇಕಾದದ್ದು ಅವರೇ ಅಲ್ಲವೇ. ಹೇಗೋ ಎಬ್ಬಿಸಿ, ಉಡಿಸಿ, ಕುಣಿಗಲ್ ಬಸ್ಸು ಹತ್ತಿಸುವ ಹೊತ್ತಿಗೆ ಮಧ್ಯಾಹ್ನ ತಿರುಗಿತ್ತು. ಸರ್ಕಾರಿ ಬಸ್ಸು. ಹೆಂಗಸರಿಗೆ ಫ್ರೀ. ಕಂಡಕ್ಟರು ನನ್ನ ಆಧಾರ್ ಕಾರ್ಡು ನೋಡಿ ಸೊನ್ನೆ ಟಿಕೆಟ್ ಹರಿದುಕೊಟ್ಟು ಮುಂದಿನ ಸೀಟಿಗೆ ಹೋದ.

"ಇವ್ರಿಗೊಂದು ಕುಣಿಗಲ್ಲಿಗೆ ಕೊಡಪ್ಪ" ಎಂದೆ.

"ಯಾರಿಗಮ್ಮ?" ಅವನು ನನ್ನ ಪಕ್ಕದ ಕಿಟಕಿಯನ್ನು ನೋಡಿದ. ಕಿಟಕಿಗೂ ನನಗೂ ನಡುವೆ ನಮ್ಮವರು ಶಾಲು ಹೊದ್ದು ಕೂತಿದ್ದರು. "ಬರೋರಿದ್ರೆ ಬಂದ್ಮೇಲೆ ತಗೋಳಿ" ಎಂದು ಹೋಗಿಯೇಬಿಟ್ಟ.

ದುಡ್ಡು ಉಳಿಯಿತು ಎಂದು ನಗುವ ಮನುಷ್ಯ ಇವರು. ಅವತ್ತು ನಗಲಿಲ್ಲ. ನನ್ನ ಕೈ ಹಿಡಿದುಕೊಂಡರು. ಆ ಕೈ ನೀರಿನಲ್ಲಿ ಬಹಳ ಹೊತ್ತು ನೆನೆದ ಕೈಯ ಹಾಗಿತ್ತು. ನಾನು ದಾರಿಯುದ್ದಕ್ಕೂ ಅದನ್ನು ಉಜ್ಜುತ್ತಲೇ ಇದ್ದೆ.

ಕುಣಿಗಲ್ಲಿನಲ್ಲಿ ಇಳಿದು, ಪ್ರೈವೇಟ್ ಬಸ್ಸಿಗೆ ಕಾದು, ಅಮೃತೂರು ಸೇರಿದಾಗ ತೆಂಗಿನ ತೋಟಗಳ ಮೇಲೆ ಬಿಸಿಲು ಕೆಂಪಾಗಿತ್ತು. ಭಾನು ಮೇಷ್ಟ್ರ ಮನೆ ಯಾವುದೆಂದು ಕೇಳಿ ತಿಳಿದೆ, ಬೀದಿಯ ಕೊನೆಯದು. ಅರಳಿಕಟ್ಟೆ ಹತ್ತಿರ ಬರುವಷ್ಟರಲ್ಲಿ ಇವರು ನಿಂತುಬಿಟ್ಟರು.

"ಹೊತ್ತಾಯ್ತು ಕಣೇ. ಕಾಯ್ತಿರ್ತಾನೆ" ಎಂದರು.

"ಅದಕ್ಕೇ ಬಂದಿರೋದು. ಬನ್ನಿ, ಹತ್ರವೇ ಐತೆ."

ಅವರು ಕಟ್ಟೆಯ ಮೇಲೆ ಕೂತರು. ಕಣ್ಣು ತೆರೆದೇ ಇತ್ತು, ನನ್ನನ್ನು ನೋಡುತ್ತಿರಲಿಲ್ಲ. ಬಾಯಿ ಮೆಲ್ಲಗೆ ಅಲ್ಲಾಡತೊಡಗಿತು, ಊಟ ಮಾಡುವವರ ಹಾಗೆ. ಭುಜ ಹಿಡಿದು ಅಲುಗಿಸಿದೆ. ಶಾಲಿನೊಳಗೆ ಭಾರವೇ ಇಲ್ಲ. ನಾನು ಅವರನ್ನು ಅಲ್ಲೇ ಬಿಟ್ಟು, ಸೆರಗು ಸೊಂಟಕ್ಕೆ ಸಿಕ್ಕಿಸಿ ಓಡಿದೆ. ಐವತ್ತೈದು ದಾಟಿದ ಹೆಂಗಸು ಓಡುವುದನ್ನು ಆ ಬೀದಿ ನಿಂತು ನೋಡಿತು.

ಭಾನು ಜಗಲಿಯ ಮೇಲೆ ಕೂತಿದ್ದ. ತಲೆ ಪೂರ್ತಿ ಬೆಳ್ಳಗಾಗಿತ್ತು. ಹಿಂದೆ ಮನೆ ಬಾಗಿಲು ಮುಚ್ಚಿತ್ತು. ನನ್ನನ್ನು ಕಂಡದ್ದೇ ಎದ್ದು ಕೈ ಮುಗಿದ. ಅವನ ಕಣ್ಣು ಮೊದಲು ನನ್ನ ಹಣೆಯ ಕುಂಕುಮದ ಮೇಲೆ ನಿಂತಿತು.

"ಅತ್ತಿಗೆ! ನೀವು ಇಲ್ಲಿ..."

"ಬಾಗ್ಲು ತೆಗಿ ಭಾನು."

"ಎಡೆ ಇಟ್ಟಿದೀನಿ ಅತ್ತಿಗೆ. ಈಗಿನ್ನೂ ಕೂತವ್ನೆ. ಊಟ ಮುಗೀಲಿ."

"ಅವ್ರು ಸತ್ತಿಲ್ಲ ಕಣಪ್ಪ. ಕಾಗೆ ಮುಟ್ಟಿತ್ತು. ನಿಂಗೆ ಬಂದಿದ್ದು ಸುಳ್ಳು ಸುದ್ದಿ. ಸುಳ್ಳು ಅಂತ ಬರೆದಿದ್ದು ನಿಂಗೆ ಬರ್ಲೇ ಇಲ್ಲ. ಬದುಕವ್ರೆ, ಅಗೋ ಆ ಕಟ್ಟೆ ಮೇಲೆ ಕೂತವ್ರೆ ನೋಡು."

ಭಾನು ಕಟ್ಟೆಯ ಕಡೆ ನೋಡಿದ. ಅವನಿಗೆ ಅಲ್ಲಿ ಯಾರೂ ಕಾಣಲಿಲ್ಲವೆಂದು ಅವನ ಮುಖದ ಮೇಲೆ ಬಂದ ಕನಿಕರವೇ ಹೇಳಿತು. ಗಂಡನನ್ನು ಕಳಕೊಂಡು ತಲೆ ಕೆಟ್ಟವಳು ಎಂದುಕೊಂಡಿರಬೇಕು. "ಕೂತ್ಕೊಳಿ ಅತ್ತಿಗೆ, ನೀರು ತರ್ಲಾ?" ಎಂದ ಮೆತ್ತಗೆ.

ಆಗ ಮನೆಯ ಒಳಗಿನಿಂದ ಕೆಮ್ಮು ಕೇಳಿಸಿತು.

ಆ ಕೆಮ್ಮು ನನಗೆ ಗೊತ್ತು. ಸಾರಿಗೆ ಉಪ್ಪು ಕಡಿಮೆಯಾದರೆ ಬಾಯಿಬಿಟ್ಟು ಹೇಳದೆ ಹೀಗೊಂದು ಒಣ ಕೆಮ್ಮು ಕೆಮ್ಮುತ್ತಾರೆ. ಮದುವೆಯಾದ ಮಾರನೆಯ ದಿನದಿಂದ ಕೇಳಿದ್ದೇನೆ. ಇಷ್ಟು ವರ್ಷ ನನ್ನನ್ನು ರೇಗಿಸುತ್ತಿದ್ದ ಆ ಸದ್ದು ಕೇಳಿ ಅವತ್ತು ಕಟ್ಟೆಯ ಕಡೆ ತಿರುಗಿದೆ; ಅವರು ಅಲ್ಲೇ ಕೂತಿದ್ದರು.

ಭಾನುವಿಗೂ ಕೇಳಿಸಿತ್ತು. ಅವನು ಬಾಗಿಲನ್ನೂ ನನ್ನನ್ನೂ ನೋಡಿದ. "ಉದಯ ಬದುಕಿದ್ರೆ, ಒಳಗೆ ಉಣ್ತಿರೋನು ಯಾರು ಅತ್ತಿಗೆ?"

ನನಗೆ ಒಂದು ಮಾತ್ರ ಗೊತ್ತಿತ್ತು. ಒಳಗಿನ 'ಅವರು' ಉಂಡು ಮುಗಿಸಿದರೆ, ಆ ಎಲೆ ಕೆರೆಗೆ ಹೋದರೆ, ಕಟ್ಟೆಯ ಮೇಲೆ ಬರೀ ಶಾಲು ಉಳಿಯುತ್ತದೆ. ಬಾಗಿಲಿಗೆ ಕೈ ಹಾಕಿದೆ. ಭಾನು ಅಡ್ಡ ಬಂದ. ಉಣ್ಣುವಾಗ ತೆರೆದರೆ ಆಗಬಾರದ್ದು ಆಗುತ್ತದೆ ಎಂದು ಗೋಗರೆದ. ಆ ನಂಬಿಕೆ ನನಗೂ ಇತ್ತು, ಇಲ್ಲವೆನ್ನುವುದಿಲ್ಲ. ಅಗುಳಿ ಸರಿಸದೆ ಕೈ ಹಿಂದಕ್ಕೆ ತೆಗೆದೆ.

ನಮ್ಮ ಕಡೆ ಹೆಂಡತಿ ಗಂಡನ ಹೆಸರು ಹೇಳುವುದಿಲ್ಲ. ಎಷ್ಟೇ ಜಗಳವಾಡಿದರೂ ನಾನು ಒಂದು ದಿನವೂ ಹೇಳಿದವಳಲ್ಲ. ಹೇಳಿದರೆ ಗಂಡನ ಆಯಸ್ಸು ಕಡಿಮೆಯಾಗುತ್ತದೆಂದು ನನ್ನ ತಾಯಿ ಕಲಿಸಿದ್ದಳು. ಕಡಿಮೆಯಾಗಲು ಇನ್ನೇನು ಉಳಿದಿದೆ ಎನ್ನಿಸಿತು. ಎರಡೂ ಅಂಗೈಯಿಂದ ಬಾಗಿಲಿಗೆ ಬಡಿದು ಕೂಗಿದೆ:

"ಉದಯಾ! ಏ ಉದಯಾ! ಸಾಕು, ಏಳು! ಎದ್ದು ಬಾ!"

ಒಳಗೆ ಎಲೆ ಸರಿದ ಸದ್ದಾಯಿತು. ಆಮೇಲೆ ಏನೂ ಇಲ್ಲ. ಬೀದಿಯಲ್ಲಿ ಒಂದು ಮೊಪೆಡ್ ಹೋಯಿತು. ನಾನು ಬಾಗಿಲಿಗೆ ಹಣೆ ಒತ್ತಿ ಅಳುತ್ತಿದ್ದೆ.

"ಏನೇ ಅದು, ಊರೆಲ್ಲ ಕೇಳೋ ಹಂಗೆ?"

ದನಿ ಬಂದದ್ದು ನನ್ನ ಬೆನ್ನ ಹಿಂದಿನಿಂದ. ಬೀದಿಯಲ್ಲಿ ಚಪ್ಪಲಿ ಎಳೆದುಕೊಂಡು ಅವರು ಬರುತ್ತಿದ್ದರು. ಶಾಲು ಒಂದು ಕಡೆ ಜಾರಿತ್ತು. ಬಲಗೈಯ ಬೆರಳುಗಳನ್ನು ಬಿಡಿಸಿ, ಬಟ್ಟೆಗೆ ತಾಗದ ಹಾಗೆ ದೂರ ಹಿಡಿದಿದ್ದರು, ಕೈ ತೊಳೆಯದೆ ಎದ್ದವರ ಹಾಗೆ.

"ಊಟದ ಮಧ್ಯೆ ಎಬ್ಬಿಸ್ತಾರೇನೇ ಯಾರಾದ್ರೂ?" ಎಂದರು.

"ಯಾರನ್ನ ನೋಡ್ತಿದೀರಿ ಅತ್ತಿಗೆ?" ಎಂದ ಭಾನು. ಅವನಿಗಿನ್ನೂ ಕಂಡಿರಲಿಲ್ಲ.

ನಾನು ಗಂಡನನ್ನು ಎಳೆದು ತಂದು ಅವನ ಮುಂದೆ ನಿಲ್ಲಿಸಿದೆ. "ಹೇಳ್ರೀ. ನಿಮ್ಮ ಬಾಯಲ್ಲೇ ಹೇಳಿ."

"ಭಾನು" ಎಂದರು ಇವರು. "ನಾನ್ ಸತ್ತಿಲ್ಲ ಕಣೋ. ಸುಳ್ಳು ಹೇಳಿದ್ದೆ. ನೀನು ಅಳ್ತೀಯಾ ಇಲ್ವಾ ಅಂತ ನೋಡಾಕೆ ಹೇಳಿದ್ದೆ. ಆ ಕಾರ್ಡು... ಆಲ್ಬಮ್ಮಿಂದ ನಿನ್ನ ಮದ್ವೆ ಕಾರ್ಡು ಕಿತ್ತಾಕಿದೀನಿ ಕಣೋ. ನೀನು ಹೋದ ದಿನಾನೇ ಕಿತ್ತಾಕ್ದೆ."

ಭಾನುವಿನ ಕಣ್ಣು ಖಾಲಿ ಗಾಳಿಯಲ್ಲಿ ತಡಕಾಡುತ್ತಿತ್ತು. ಮೆಲ್ಲಗೆ, ಬಹಳ ಮೆಲ್ಲಗೆ, ಅದು ಒಂದು ಕಡೆ ಬಂದು ನಿಂತಿತು. ಕೈ ಎತ್ತಿದವನೇ ನಮ್ಮವರ ಕೆನ್ನೆಗೆ ಫಟಾರೆಂದು ಬಾರಿಸಿದ.

ಆ ಏಟು ತಗುಲಿತು! ಸದ್ದು ಬಂತು, ಇವರು ಒಂದು ಹೆಜ್ಜೆ ಹಿಂದೆ ಸರಿದರು, ಕೆನ್ನೆಯ ಮೇಲೆ ಬೆರಳುಗಳ ಗುರುತು ಕೆಂಪಗೆ ಮೂಡಿತು. ಗಂಡನಿಗೆ ಹೊಡೆದದ್ದಕ್ಕೆ ಇಷ್ಟು ಸಂತೋಷಪಟ್ಟ ಹೆಂಗಸು ಇನ್ನೊಬ್ಬಳು ಇರಲಾರಳು. ಹೊಡೆದವನೂ ಹೊಡೆಸಿಕೊಂಡವರೂ ಒಬ್ಬರನ್ನೊಬ್ಬರು ಅಪ್ಪಿಕೊಂಡು ಜಗಲಿಯ ಮೇಲೆಯೇ ಕುಸಿದು ಅತ್ತರು.

ಬಾಗಿಲು ತೆರೆದದ್ದು ನಾನೇ. ದೀಪ ಉರಿಯುತ್ತಿತ್ತು. ಗೋಡೆಗೆ ಒರಗಿಸಿದ್ದ ತಿಥಿ ಕಾರ್ಡಿನ ಚಿತ್ರಕ್ಕೆ ಸೇವಂತಿಗೆ ಹಾರ. ಮುಂದೆ ಬಾಳೆಲೆ. ಮುದ್ದೆ ಅರ್ಧ ಮುರಿದಿತ್ತು. ತಟ್ಟೆ ಇಡ್ಲಿಯಲ್ಲಿ ಒಂದು ಮಗ್ಗುಲು ಇರಲಿಲ್ಲ. ಸಾರಿನಲ್ಲಿ ಬೆರಳಾಡಿಸಿದ ಗೆರೆಗಳು ಇನ್ನೂ ಕೂಡಿಕೊಂಡಿರಲಿಲ್ಲ. ಭಾನು ಒಳಗೆ ಬಂದು ಹಾರ ತೆಗೆದ, ಚಿತ್ರವನ್ನು ಕವುಚಿ ಹಾಕಿದ. ಇವರು ಬಚ್ಚಲಿಗೆ ಹೋಗಿ ಬಹಳ ಹೊತ್ತು ಕೈ ತೊಳೆದರು. ಒಳಗೆ ಉಣ್ಣುತ್ತಿದ್ದದ್ದು ಯಾರು ಎಂದು ನಾವು ಮೂವರೂ ಮತ್ತೆ ಕೇಳಿಕೊಳ್ಳಲಿಲ್ಲ. ಉಳಿದ ಅರ್ಧವನ್ನು ನಾನು ಎಲೆಸಮೇತ ಮಡಚಿ ಹಿತ್ತಿಲಲ್ಲಿ ಹೂತೆ. ಕೆರೆಗೆ ಹಾಕಲು ಬಿಡಲಿಲ್ಲ.

ಕುಣಿಗಲ್ ಬಸ್ ಸ್ಟ್ಯಾಂಡಿನಲ್ಲಿ ತುಮಕೂರಿನ ಬಸ್ಸು ಹತ್ತಿ ಕೂತಾಗ ದೀಪಗಳು ಹತ್ತಿದ್ದವು. ನಾನು ಇವರ ಕೈ ಹಿಡಿದೇ ಇದ್ದೆ. ಇನ್ನೂ ತಣ್ಣಗಿತ್ತು. ಆಗಬೇಕಾದದ್ದು ಆಯಿತೋ ಇಲ್ಲವೋ ಎಂದು ಅದನ್ನು ಮತ್ತೆ ಮತ್ತೆ ಒತ್ತಿ ನೋಡುತ್ತಿದ್ದೆ. ಕಂಡಕ್ಟರು ಬಂದ. ನನ್ನ ಆಧಾರ್ ಕಾರ್ಡು ನೋಡಿ ಸೊನ್ನೆ ಟಿಕೆಟ್ ಹರಿದುಕೊಟ್ಟ. ಇವರ ಟಿಕೆಟ್ಟನ್ನು ನಾನಾಗಿ ಕೇಳಲಿಲ್ಲ. ಅವನು ಮುಂದಿನ ಸೀಟಿಗೆ ಒಂದು ಹೆಜ್ಜೆ ಇಟ್ಟು, ನಿಂತು, ತಿರುಗಿದ.

"ಯಜಮಾನ್ರೇ, ಫ್ರೀ ಹೆಂಗಸರಿಗೆ ಮಾತ್ರ. ನಿಮ್ದು ತಗೋಬೇಕು. ಎಲ್ಲಿಗೆ?"

ನಮ್ಮವರು ಕಿಟಕಿಯಿಂದ ಮುಖ ತಿರುಗಿಸಿದರು. "ತುಮಕೂರಿಗೆ" ಎಂದರು. ಆಮೇಲೆ ನನ್ನ ಕಡೆ ಬಗ್ಗಿ ಹೇಳಿದರು, "ಬಸ್ ಹೊರಡೋದ್ರೊಳಗೆ ಏನಾದ್ರೂ ತಗೊಂಬಾರೇ. ಹಸಿವಾಗ್ತೈತೆ."